ಗೋಲು ಹೊಡೆಯದವನ ಪುರಾಣ

ಅಲ್ಲಾ ರಾಯರೇ, ಮೆಸ್ಸಿ ದೊಡ್ಡವನೋ ರೊನಾಲ್ಡೊ ದೊಡ್ಡವನೋ ಅಂತ ನೀವೂ ಮೊಮ್ಮಗನೂ ಮಾಡ್ತಿದ್ದ ರಂಪ ನಮ್ಮನೆ ಅಡುಗೆಮನೆವರೆಗೂ ಕೇಳಿಸ್ತು. ಯಾವಾಗ ನೋಡಿದ್ರೂ ಗೋಲು ಹೊಡೆದೋರ ಲೆಕ್ಕವೇ ನಿಮಗೆ. ನಾನೊಂದು ಹೆಸರು ಹೇಳ್ತೀನಿ: ಕ್ಲೋಡ್ ಮಕೆಲೆಲೆ. ಫ್ರಾನ್ಸ್ ಪರ 71 ಪಂದ್ಯ ಆಡಿದೋನು. ಗೋಲೆಷ್ಟು ಅಂತೀರಾ? ಸೊನ್ನೆ. ನಗಿ, ನಗಿ. ಮ್ಯಾಡ್ರಿಡ್‌ನೋರೂ ಮೊದಲು ನಿಮ್ಮ ಹಾಗೇ ನಕ್ಕರು.

ಹುಟ್ಟಿದ್ದು 1973ರಲ್ಲಿ, ಆಗ ಜಾಯಿರ್ ಅನ್ನಿಸಿಕೊಳ್ಳುತ್ತಿದ್ದ ಕಾಂಗೋದ ಕಿನ್ಶಾಸಾದಲ್ಲಿ. ಅಪ್ಪನೂ ಫುಟ್‌ಬಾಲ್ ಆಡಿದೋನೇ. ಚಿಕ್ಕ ಹುಡುಗನಾಗಿದ್ದಾಗಲೇ ಸಂಸಾರ ಫ್ರಾನ್ಸ್ ಸೇರಿತು. ನಾಂತ್ ಕ್ಲಬ್‌ನಲ್ಲಿ ಬಲಗಡೆ ಅಂಚು ಹಿಡಿದು ಓಡುತ್ತಿದ್ದ. 1994-95ರಲ್ಲಿ ಆ ತಂಡ ಲೀಗ್ ಗೆದ್ದಾಗ ಇಡೀ ಋತುವಿನಲ್ಲಿ ಸೋತದ್ದು ಒಂದೇ ಪಂದ್ಯ. ಆಮೇಲೆ ಮಾರ್ಸೆ, ಅದಾದ ಮೇಲೆ ಸ್ಪೇನಿನ ಸೆಲ್ಟಾ ವಿಗೊ. ಅದೆಲ್ಲ ಇರಲಿ ಬಿಡಿ, ಸ್ವಾರಸ್ಯ ಇರೋದು ಮುಂದೆ.

2000ದಲ್ಲಿ ರಿಯಲ್ ಮ್ಯಾಡ್ರಿಡ್‌ಗೆ ಫ್ಲೊರೆಂಟಿನೊ ಪೆರೆಜ್ ಅಧ್ಯಕ್ಷರಾದರು. ವರ್ಷಕ್ಕೊಬ್ಬ ತಾರೆ ಬರಬೇಕು ಅನ್ನೋ ಹಟ. ಫಿಗೊ ಬಂದ, ಮರುವರ್ಷ ಜಿದಾನ್, ಅದರ ಮರುವರ್ಷ ಬ್ರೆಜಿಲ್‌ನ ರೊನಾಲ್ಡೊ. ಎಲ್ಲರ ಮುಖವೂ ಎದುರಾಳಿಯ ಗೋಲಿನ ಕಡೆಗೇ! ಹಿಂದೆ ಬಾಗಿಲು ಕಾಯೋರು ಯಾರು? ಸೆಲ್ಟಾದಿಂದ ಅಲ್ಲಿಗೇ ಬಂದು ಸೇರಿದ್ದ ಈ ಮಕೆಲೆಲೆ. ದೊಡ್ಡ ಮದುವೆಗಳಲ್ಲಿ ಉಗ್ರಾಣದ ಬೀಗದಕೈ ಸೊಂಟಕ್ಕೆ ಸಿಕ್ಕಿಸಿಕೊಂಡು ಒಬ್ಬ ಓಡಾಡ್ತಿರ್ತಾನಲ್ಲ, ಅವನು ಒಂದು ಫೋಟೋದಲ್ಲೂ ಇರಲ್ಲ. ಆದರೆ ಅವನು ಕೋಪ ಮಾಡಿಕೊಂಡು ಹೋದರೆ ಎರಡನೇ ಪಂಕ್ತಿಗೆ ಪಾಯಸ ಬರಲ್ಲ. ಅಂಥ ಆಸಾಮಿ. 2002ರ ಚಾಂಪಿಯನ್ಸ್ ಲೀಗ್ ಫೈನಲ್ಲು ಗ್ಲಾಸ್ಗೋದಲ್ಲಿ ನಡೀತು. ಜಿದಾನ್ ಎಡಗಾಲಲ್ಲಿ ಗಾಳಿಯಲ್ಲೇ ಬಾರಿಸಿದ ಆ ಗೋಲು ಎಲ್ಲರಿಗೂ ನೆನಪಿದೆ. ಅವತ್ತು ಇವನೂ ಮೈದಾನದಲ್ಲಿದ್ದ. ನಿಮಗೆ ಗೊತ್ತಿತ್ತಾ? ನೋಡಿ ಮತ್ತೆ.

ಮಾಡ್ತಿದ್ದ ಕೆಲಸ ಏನು ಅಂದ್ರೆ, ಡಿಫೆನ್ಸಿನ ಮುಂದೆ ನಿಂತು ಎದುರಾಳಿಯ ಪಾಸ್ ಯಾವ ಸಂದಿಯಲ್ಲಿ ತೂರುತ್ತೆ ಅಂತ ಮೊದಲೇ ಊಹಿಸಿ ಅಲ್ಲಿ ಹೋಗಿ ನಿಲ್ಲೋದು. ಚೆಂಡು ಕಸಿದ ಮೇಲೆ ವೈಯಾರ ಏನೂ ಇಲ್ಲ, ಹತ್ತಿರದವನ ಕಾಲಿಗೆ ಕೊಟ್ಟು ಮತ್ತೆ ತನ್ನ ಜಾಗಕ್ಕೆ. ಟಿವಿಯೋರಿಗೆ ತೋರಿಸೋಕೆ ಇದರಲ್ಲಿ ಏನಿದೆ ಹೇಳಿ?

2003ರಲ್ಲಿ ಈ ಮನುಷ್ಯ ಸಂಬಳ ಜಾಸ್ತಿ ಮಾಡಿ ಅಂತ ಕೇಳಿದ. ತಂಡದ ತಾರೆಯರಿಗೆ ಸಿಗ್ತಿದ್ದುದಕ್ಕಿಂತ ಎಷ್ಟೋ ಕಮ್ಮಿ ಅವನದು. ಆಗೋದಿಲ್ಲ ಅಂದ್ರು. ಇವನು ಹೊರಟೇಬಿಟ್ಟ. ಅವನಿಗೆ ವೇಗ ಇಲ್ಲ, ಚೆಂಡನ್ನು ಅಕ್ಕಪಕ್ಕಕ್ಕೋ ಹಿಂದಕ್ಕೋ ಕೊಡೋದೇ ಜಾಸ್ತಿ, ಅವನಿಲ್ಲ ಅಂತ ನಮಗೇನೂ ಕೊರಗಿಲ್ಲ ಅನ್ನೋ ಅರ್ಥದಲ್ಲಿ ಪೆರೆಜ್ ಮಾತಾಡಿದ್ರು. ಅದೇ ಬೇಸಿಗೆಯಲ್ಲಿ ಬೆಕಮ್‌ನ ಕರಕೊಂಡು ಬಂದ್ರು. ಆಮೇಲೆ? ಮಾಡಿದ್ದುಣ್ಣೋ ಮಹರಾಯ! ಆ ಋತುವಿನ ಕೊನೆಯ ಐದು ಲೀಗ್ ಪಂದ್ಯಗಳನ್ನೂ ಸೋತು ನಾಲ್ಕನೇ ಸ್ಥಾನ. ಮತ್ತೆ ಲೀಗ್ ಕೈಗೆ ಬಂದದ್ದು 2007ರಲ್ಲಿ. ಎಲ್ಲಾ ಇವನೊಬ್ಬ ಹೋದದ್ದಕ್ಕೇ ಅಂತ ನಾನು ಹೇಳಲ್ಲ. ಆ ಬೇಸಿಗೆ ಕೋಚನ್ನೂ ಬದಲಾಯಿಸಿದ್ರು, ಹಳೇ ಕ್ಯಾಪ್ಟನ್ ಹಿಯೆರೊನನ್ನೂ ಕಳಿಸಿದ್ರು. ಆದರೂ, ನೂರು ರೂಪಾಯಿ ಉಳಿಸೋಕೆ ಹೋಗಿ ಸಾವಿರ ಕಳಕೊಳ್ಳೋ ಬುದ್ಧಿ ದೊಡ್ಡ ದೊಡ್ಡ ಆಡಳಿತ ಮಂಡಳಿಗಳಿಗೂ ಇರುತ್ತೆ ಅಂತ ಒಂಥರಾ ಸಮಾಧಾನ.

ಇವನು ಹೋಗಿದ್ದು ಲಂಡನ್ನಿನ ಚೆಲ್ಸಿಗೆ. ಮರುವರ್ಷ ಮೊರಿನ್ಯೊ ಅಲ್ಲಿಗೆ ಕೋಚ್ ಆಗಿ ಬಂದವರೇ ಇವನ ಬೆಲೆ ಕಂಡುಕೊಂಡರು. ಇವನು ಹಿಂದೆ ಇದ್ದಾನೆ ಅನ್ನೋ ಧೈರ್ಯಕ್ಕೇ ಲ್ಯಾಂಪಾರ್ಡ್ ಮುಂದಕ್ಕೆ ನುಗ್ಗಿ ಗೋಲು ಹೊಡೀತಿದ್ದ. 2004-05ರಲ್ಲಿ ಚೆಲ್ಸಿ ಲೀಗ್ ಗೆದ್ದಾಗ 38 ಪಂದ್ಯದಲ್ಲಿ ಬಿಟ್ಟುಕೊಟ್ಟದ್ದು ಬರೀ 15 ಗೋಲು. ಇವತ್ತಿಗೂ ಇಂಗ್ಲೆಂಡಿನಲ್ಲಿ ಡಿಫೆನ್ಸಿನ ಮುಂದಿನ ಆ ಜಾಗಕ್ಕೆ ಇವನ ಹೆಸರಿಟ್ಟೇ ಕರೀತಾರೆ.

ಫ್ರಾನ್ಸ್ ತಂಡದಿಂದ ನಿವೃತ್ತಿ ಅಂತ ಹೇಳಿ ಕೂತಿದ್ದೋನು 2005ರಲ್ಲಿ ಜಿದಾನ್, ಥುರಾಮ್ ಜೊತೆ ವಾಪಸ್ ಬಂದ. ಮುಂದಿನ ವರ್ಷದ ವಿಶ್ವಕಪ್‌ನಲ್ಲಿ ಫೈನಲ್ ಸೇರಿಸಿ ಏಳು ಪಂದ್ಯ ಆಡಿದ ಫ್ರಾನ್ಸ್‌ಗೆ ಎದುರಾಳಿಗಳು ಹೊಡೆದದ್ದು ಮೂರೇ ಗೋಲು. ಜನಕ್ಕೆ ನೆನಪಿರೋದು ಆ ಫೈನಲ್‌ನಲ್ಲಿ ಜಿದಾನ್ ಎದುರಾಳಿ ಆಟಗಾರನಿಗೆ ತಲೆಯಲ್ಲಿ ಗುದ್ದಿದ್ದು ಮಾತ್ರ!

ಆಟ ಮುಗಿಸಿದ್ದು 2011ರಲ್ಲಿ, ಪ್ಯಾರಿಸ್ಸಿನ ಪಿಎಸ್‌ಜಿಯಲ್ಲಿ. ಹಾಂ, ಗೋಲಿನ ವಿಷಯಕ್ಕೆ ಬರ್ತೀನಿ ತಾಳಿ. ಚೆಲ್ಸಿಗೆ ಲೀಗ್‌ನಲ್ಲಿ ಎರಡು ಹೊಡೆದಿದ್ದಾನೆ. 2005ರ ಮೇನಲ್ಲಿ, ಟ್ರೋಫಿ ಕೈಗೆ ಬರೋ ದಿನ, ಚಾರ್ಲ್‌ಟನ್ ವಿರುದ್ಧ ಕೊನೇ ಗಳಿಗೆಯಲ್ಲಿ ಪೆನಾಲ್ಟಿ ಸಿಕ್ತು. ಇವನ ಕೈಲಿ ಹೊಡೆಸಿದ್ರು. ಗೋಲ್‌ಕೀಪರ್ ತಡೆದೇಬಿಟ್ಟ! ವಾಪಸ್ ಬಂದ ಚೆಂಡನ್ನು ಹ್ಯಾಗೋ ಒಳಗೆ ತಳ್ಳಿದ. ಎರಡನೆಯದು 2006ರಲ್ಲಿ ಟಾಟನ್‌ಹ್ಯಾಮ್ ಮೇಲೆ, ದೂರದಿಂದ ಬಾರಿಸಿದ್ದು, ಜಿದಾನೇ ಹೊಡೆದ ಹಾಗಿತ್ತು ಅನ್ನಿ. ಪಂದ್ಯ ಮಾತ್ರ ಚೆಲ್ಸಿ ಸೋತಿತು.