ಸನ್‌ಚೋಕ್: ಅಗೆತ, ದಾಸ್ತಾನು ಮತ್ತು ಪರಿಣಾಮ

ಸನ್‌ಚೋಕ್ ಸೂರ್ಯಕಾಂತಿಯ ದಾಯಾದಿ. ಹೂವು ಅದೇ ಹಳದಿ, ಎತ್ತರ ಎಂಟು-ಹತ್ತು ಅಡಿ. ಸೂರ್ಯಕಾಂತಿ ತನ್ನ ಆಸ್ತಿಯನ್ನು ತಲೆಯ ಮೇಲೆ ಹೊತ್ತು ಊರಿಗೆಲ್ಲ ತೋರಿಸಿದರೆ, ಇದು ನೆಲದಡಿ ಹೂತಿಟ್ಟು ಸುಮ್ಮನಿರುತ್ತದೆ. ತವರು ಉತ್ತರ ಅಮೆರಿಕ. ಅಲ್ಲಿನ ಮೂಲನಿವಾಸಿಗಳು ಬೆಳೆಯುತ್ತಿದ್ದ ಈ ಗೆಡ್ಡೆಯನ್ನು 1605ರಲ್ಲಿ ಕೇಪ್ ಕಾಡ್‌ನಲ್ಲಿ ಕಂಡ ಫ್ರೆಂಚ್ ನಾವಿಕ ಸ್ಯಾಮ್ಯುಯೆಲ್ ದ ಶಾಂಪ್ಲೇನ್, ರುಚಿ ಆರ್ಟಿಚೋಕಿನಂತಿದೆ ಎಂದು ಬರೆದಿಟ್ಟ. ಮುಂದೆ ಇಂಗ್ಲಿಷರ ಬಾಯಲ್ಲಿ ಅದಕ್ಕೆ ಜೆರುಸಲೇಮೂ ಅಂಟಿಕೊಂಡು 'ಜೆರುಸಲೇಮ್ ಆರ್ಟಿಚೋಕ್' ಆಯಿತು. ಎರಡೇ ಪದದ ಹೆಸರು, ಎರಡೂ ಸುಳ್ಳು.

ಅಗೆಯಲು ಸರಿಯಾದ ಕಾಲ, ಮೊದಲ ಹಿಮ ಬಿದ್ದು ಗಿಡ ಕಪ್ಪಾಗಿ ಒಣಗಿದ ಮೇಲೆ. ಚಳಿ ತಾಗಿದ ಗೆಡ್ಡೆಗೆ ಸಿಹಿ ಹೆಚ್ಚು. ನ್ಯೂಜೆರ್ಸಿಯಲ್ಲಿ ನೆಲೆಸಿದ ಕನ್ನಡಿಗನೊಬ್ಬ (ಹೆಸರು ಬೇಡ, ಇದನ್ನು ಬರೆಯುವ ಹೊತ್ತಿಗೆ ಆತ ಇದೇ ಕುರ್ಚಿಯಲ್ಲಿ ಕುಳಿತಿದ್ದಾನೆ) ಸೆಪ್ಟೆಂಬರಿನಲ್ಲೇ, ಹೂ ಅರಳಿರುವಾಗಲೇ, ತಡೆಯಲಾರದೆ ಒಂದು ಗಿಡ ಕಿತ್ತ. ಕಿರುಬೆರಳಿನಷ್ಟು ಬೇರು ಸಿಕ್ಕಿತು. ನವೆಂಬರಿನಲ್ಲಿ ಮತ್ತೆ ಅಗೆದಾಗ, ನೆರೆಯವನು ನಗುನಗುತ್ತಾ ಕೊಟ್ಟಿದ್ದ ಮೂರು ಗೆಡ್ಡೆಗಳು ನಾಲ್ಕು ಬಕೆಟ್ ಆಗಿದ್ದವು. ಆ ನಗುವಿನ ಅರ್ಥ ಆಗ ತಿಳಿಯಲಿಲ್ಲ.

ದಾಸ್ತಾನಿಗೆ ನೆಲವೇ ಉತ್ತಮ ಉಗ್ರಾಣ. ಆಲೂಗಡ್ಡೆಗಿರುವ ಗಟ್ಟಿ ಸಿಪ್ಪೆ ಇದಕ್ಕಿಲ್ಲ, ಗಾಳಿಗಿಟ್ಟರೆ ಕೆಲವೇ ದಿನಗಳಲ್ಲಿ ಬಾಡುತ್ತದೆ. ಬೇಕಾದಷ್ಟನ್ನೇ ಅಗೆದು, ಉಳಿದದ್ದರ ಮೇಲೆ ಹುಲ್ಲು ಹೊದೆಸಿ ಬಿಡಬೇಕು. ಕಿತ್ತೇ ತೀರಬೇಕೆಂದರೆ ತೊಳೆಯದೆ, ಮಣ್ಣಿನ ಸಮೇತ, ಒದ್ದೆ ಮರಳಿನಲ್ಲಿ ಹೂತು ತಣ್ಣಗಿನ ಜಾಗದಲ್ಲಿಡಬೇಕು. ಇಲ್ಲವೇ ತೂತಿನ ಪ್ಲಾಸ್ಟಿಕ್ ಚೀಲದಲ್ಲಿ ಹಾಕಿ ಫ್ರಿಜ್ಜಿನಲ್ಲಿಡಬೇಕು. ಮೇಲೆ ಹೇಳಿದ ಕನ್ನಡಿಗ ನಾಲ್ಕೂ ಬಕೆಟ್ ತೊಳೆದ. ಹಲ್ಲುಜ್ಜುವ ಬ್ರಶ್ಶಿನಿಂದ, ಶುಂಠಿಯಂತೆ ಗಂಟುಗಂಟಾದ ಒಂದೊಂದರ ಕಂಕುಳನ್ನೂ ಬಿಡದೆ. ಆಮೇಲೆ ಗ್ಯಾರೇಜಿನಲ್ಲಿ ಹಳೇ ಬೆಡ್‌ಶೀಟಿನ ಮೇಲೆ, ತೀರ್ಥಹಳ್ಳಿಯ ಅಜ್ಜಿ ಅಟ್ಟದಲ್ಲಿ ಈರುಳ್ಳಿ ಹರಡುತ್ತಿದ್ದಂತೆ ಹರಡಿದ. ಹತ್ತು ದಿನಕ್ಕೆ ಮೂರು ಬಕೆಟ್ ಮಾಲು ಸುಕ್ಕುಗಟ್ಟಿ ರಬ್ಬರಾಯಿತು. ಉಳಿದ ಒಂದು ಬಕೆಟ್ಟನ್ನು, ಊರಿಂದ ಬಂದಿದ್ದ ಅವನ ಅಮ್ಮ ಮೊದಲೇ ಅಡುಗೆಗೆಂದು ಫ್ರಿಜ್ಜಿಗೆ ಸೇರಿಸಿದ್ದರು.

ಈ ಗೆಡ್ಡೆಯಲ್ಲಿ ಪಿಷ್ಟದ ಬದಲು ಇನ್ಯುಲಿನ್ ಇರುತ್ತದೆ. ಅದನ್ನು ಜೀರ್ಣಿಸುವ ಕಿಣ್ವ ಮನುಷ್ಯನಿಗಿಲ್ಲ. ಅದು ಇದ್ದ ಹಾಗೇ ದೊಡ್ಡ ಕರುಳಿಗಿಳಿದು ಅಲ್ಲಿನ ಬ್ಯಾಕ್ಟೀರಿಯಾಗಳಿಗೆ ಹಬ್ಬದೂಟವಾಗುತ್ತದೆ, ಹಬ್ಬದ ಸದ್ದು ಹೊರಗೆ ಕೇಳುತ್ತದೆ. ಇಂಗ್ಲೆಂಡಿನ ಸಸ್ಯಶಾಸ್ತ್ರಜ್ಞ ಜಾನ್ ಗುಡ್ಯರ್ 1621ರಲ್ಲೇ ಎಚ್ಚರಿಸಿದ್ದ. ನಿಂಬೆರಸ ಹಾಕಿ ಬಹಳ ಹೊತ್ತು ಬೇಯಿಸಿದರೆ ಉಪದ್ರವ ತಗ್ಗುತ್ತದೆ. ಅಮ್ಮ ಹುಳಿಗೆ ಹುಣಸೆರಸ ಬಿಟ್ಟದ್ದು ಕೊನೆಯಲ್ಲಿ.

ಅಂದು ಮನೆಯಲ್ಲಿ ಭಜನೆ, ನಾಲ್ಕು ಕುಟುಂಬಗಳಿಗೆ ಊಟ. ಒಂದು ಗಂಟೆಗೆ ಹುಳಿ, ಪಲ್ಯ, ಎಲ್ಲರಿಗೂ ಎರಡೆರಡು ಸಲ. ಮೂರು ಗಂಟೆಗೆ ಗಣಪತಿ ಸ್ತುತಿ. ಎರಡನೆಯ ದೇವರನಾಮದ ಪಲ್ಲವಿಯಲ್ಲಿ ಶ್ರುತಿಪೆಟ್ಟಿಗೆಗೆ ಸಂಬಂಧಿಸದ ಮಂದ್ರ ಸ್ವರವೊಂದು ಕೇಳಿತು. ಎಲ್ಲರೂ ಕಣ್ಣು ಮುಚ್ಚಿ ಭಕ್ತಿ ಹೆಚ್ಚಿಸಿದರು. ಅನುಪಲ್ಲವಿಗೆ ಕಿಟಕಿಯ ಪಕ್ಕದಿಂದ ಉತ್ತರ ಬಂತು. ತಾಳ ಹಾಕುತ್ತಿದ್ದವರು ಎಲ್ಲಿ ಅಗತ್ಯವೋ ಅಲ್ಲಿ ಜೋರಾಗಿ ಹಾಕತೊಡಗಿದರು, ತಾಳ ತಪ್ಪಿದರೂ ಸಮಯ ತಪ್ಪಲಿಲ್ಲ. ಹಿರಿಯರೊಬ್ಬರು ಕುರ್ಚಿಯನ್ನು ನೋಡಿ, "ಹಳೇದಾಯ್ತು, ಕಿರ್ ಅನ್ನುತ್ತೆ" ಎಂದರು. ಅವರು ಕುಳಿತದ್ದು ಜಮಖಾನೆಯ ಮೇಲೆ. ಮಂಗಳ ಹಾಡಿ ಮುಗಿಯಿತು, ಹಾರ್ಮೋನಿಯಂ ನುಡಿಸುವವರು ಮಾತ್ರ ನಿಲ್ಲಿಸಲಿಲ್ಲ. ನಿಲ್ಲಿಸುವ ಧೈರ್ಯ ಅವರಿಗಿರಲಿಲ್ಲ. ಮತ್ತೊಂದು ಮಂಗಳ ಹಾಡಲಾಯಿತು. ಆರತಿಗೆ ಏಳಬೇಕಲ್ಲ ಎಂದಾಗ ಯಾರೂ ಮೊದಲು ಏಳಲು ಒಪ್ಪಲಿಲ್ಲ.

ಗ್ಯಾರೇಜಿನ ಸುಕ್ಕುಮಾಲನ್ನು ಕಸದ ಡಬ್ಬಿಗೆ ಸುರಿಯುವಾಗ ಅಮ್ಮ ನಗಲಿಲ್ಲ. "ಅಕ್ಕಿ ಸಿಗದ ವರ್ಷ ಗೆಡ್ಡೆ ಬೇಯಿಸಿಕೊಂಡೇ ದಿನ ದೂಡಿದ್ದೀವಿ ಕಣೋ" ಎಂದಷ್ಟೇ ಅಂದು ಒಳಗೆ ಹೋದರು. ಎರಡನೆಯ ಮಹಾಯುದ್ಧದಲ್ಲಿ ಜರ್ಮನರು ಫ್ರಾನ್ಸನ್ನು ಆಕ್ರಮಿಸಿದಾಗ ಆಲೂಗಡ್ಡೆಗೆ ಅಭಾವವಾಗಿ, ಜನ ಇದೇ ಗೆಡ್ಡೆ ತಿಂದು ಬದುಕಿದರು. ಅಲ್ಲಿ ಇದರ ಹೆಸರು ತೊಪಿನಾಂಬೂರ್. ಯುದ್ಧ ಮುಗಿದ ಮೇಲೆ, ಆ ವರ್ಷಗಳನ್ನು ಕಂಡ ಅನೇಕರು ಅದನ್ನು ಮತ್ತೆ ತಟ್ಟೆಗೆ ಹಾಕಿಸಿಕೊಳ್ಳಲಿಲ್ಲ.

ಕೊನೆಯದಾಗಿ, ನಿರ್ಮೂಲನೆ. ಅಗೆಯುವಾಗ ಮುರಿದು ಉಳಿದ ಉಗುರಿನಷ್ಟು ಚೂರೂ ಮರುವರ್ಷ ಗಿಡವಾಗಬಲ್ಲದು. ಚಿಗುರಿದ್ದನ್ನು ಬಿಡದೆ ಕೀಳುತ್ತಿರಬೇಕು, ಅದೂ ಒಂದೆರಡು ವರ್ಷದ ಕೆಲಸ. ನ್ಯೂಜೆರ್ಸಿಯ ಆ ಹಿತ್ತಲಲ್ಲಿ ಮೇ ತಿಂಗಳಿಗೆ ಅರವತ್ತೆರಡು ಮೊಳಕೆ ಎದ್ದಿದ್ದವು. ಬೇಲಿಯಾಚೆ ನಿಂತು ಎಣಿಸಿ ಹೇಳಿದವನು ಆ ನೆರೆಯವನೇ.