ಇನ್ನೂರ ಒಂದನೆಯ ಯೂನಿಟ್ಟು

2025ರ ಜೂನ್ ಮೊದಲ ವಾರದ ಬಿಲ್ಲು ಕೈಗೆ ಬಂದಾಗ ನಾನು ಮೊದಲು ಕನ್ನಡಕ ಒರೆಸಿಕೊಂಡೆ. ಆಮೇಲೆ ಬಿಲ್ಲನ್ನೇ ಒರೆಸಿ ನೋಡಿದೆ. ಅಂಕಿ ಜಗ್ಗಲಿಲ್ಲ. ಬಳಸಿದ್ದು 203 ಯೂನಿಟ್, ಕಟ್ಟಬೇಕಾದದ್ದು ಸಾವಿರದ ಏಳುನೂರು ಚಿಲ್ಲರೆ. ಹಿಂದಿನ ತಿಂಗಳು 198 ಯೂನಿಟ್ ಓಡಿತ್ತು, ಐನೂರು ಚಿಲ್ಲರೆ ಕಟ್ಟಿ ಕೈತೊಳೆದುಕೊಂಡಿದ್ದೆ. ಹೆಚ್ಚಾದ ಐದು ಯೂನಿಟ್ಟಿಗೆ ಸಾವಿರದ ಇನ್ನೂರು ರೂಪಾಯಿ! "ಏನಪ್ಪಾ, ಈ ಸಲ ಕರೆಂಟಿಗೆ ಕೇಸರಿ ಬೆರೆಸಿ ಕಳಿಸಿದ್ದೀರಾ?" ಎಂದು ಮೀಟರ್ ಓದುವ ಹುಡುಗನನ್ನು ಕೇಳಿದೆ. ಅವನು, "ಇನ್ನೂರು ದಾಟಿದೆಯಲ್ಲಾ ಸಾರ್" ಎಂದಷ್ಟೇ ಹೇಳಿ ಪಕ್ಕದ ಮನೆಯ ಗೇಟು ತೆಗೆದ. ಸಾವಿನ ಸುದ್ದಿ ತರುವವರು ಕೂಡ ಇಷ್ಟು ಚುಟುಕಾಗಿ ಹೇಳುವುದಿಲ್ಲ.

ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದು ಎನ್ನುತ್ತಾರೆ. ಮೂರು ಯೂನಿಟ್ಟಿಗೆ ಹೋದ ಮಾನ ನನ್ನದು.

ಪುಕ್ಕಟೆ ಕರೆಂಟಿನ ಗೃಹಜ್ಯೋತಿ ಯೋಜನೆಯ ಲೆಕ್ಕ ಕರ್ನಾಟಕದಲ್ಲಿ ಈಗ ಮಗ್ಗಿಯ ಹಾಗೆ ಎಲ್ಲರಿಗೂ ಬಾಯಿಪಾಠ. ಆದರೂ ನನ್ನ ಗೋಳು ಅರ್ಥವಾಗಬೇಕಾದರೆ ಒಮ್ಮೆ ಹೇಳಲೇಬೇಕು. 2022-23ರಲ್ಲಿ ನಿಮ್ಮ ಮನೆ ತಿಂಗಳಿಗೆ ಸರಾಸರಿ ಎಷ್ಟು ಯೂನಿಟ್ ಸುಟ್ಟಿತ್ತೋ ಅದಕ್ಕೆ ನೂರಕ್ಕೆ ಹತ್ತು ಸೇರಿಸಿದರೆ ಬರುವುದು ನಿಮ್ಮ ಪುಕ್ಕಟೆಯ ಪಾಲು. ಅಷ್ಟರೊಳಗಿದ್ದರೆ ಬಿಲ್ಲು ಸೊನ್ನೆ. ಅದನ್ನು ಮೀರಿ ಇನ್ನೂರರೊಳಗಿದ್ದರೆ ಮೀರಿದ ಯೂನಿಟ್ಟಿಗೆ ಮಾತ್ರ ದುಡ್ಡು. ಇನ್ನೂರು ದಾಟಿದಿರೋ, ಮೊದಲನೆಯ ಯೂನಿಟ್ಟಿನಿಂದ ಹಿಡಿದು ಅಷ್ಟಕ್ಕೂ ನೀವೇ ಹೊಣೆ.

ಇದರಲ್ಲಿ ನನಗೆ ನುಂಗಲಾಗದ ತುತ್ತು ಆ 2022-23. ಆ ವರ್ಷ ಮಗ ಪುಣೆಯಲ್ಲಿದ್ದ, ಅವ್ವ ಊರಿನಲ್ಲಿದ್ದಳು. ಮನೆಯಲ್ಲಿ ನಾನು, ನನ್ನ ಹೆಂಡತಿ, ಒಂದು ಫ್ಯಾನು. ಒಂದು ಕೋಣೆಯಿಂದ ಇನ್ನೊಂದಕ್ಕೆ ಹೋಗುವಾಗ ದೀಪ ಆರಿಸಿ ಹೋಗುವ ಸಂಸ್ಕಾರವಂತರು ನಾವು. ಸರಾಸರಿ 104 ಬಂತು, ಪಾಲು 114ಕ್ಕೆ ನಿಂತಿತು. ಪಕ್ಕದ ಮನೆಯ ರಾಯರ ವರಾಂಡದ ದೀಪ ಅಂದಿನಿಂದ ಇಂದಿನವರೆಗೆ ಹಗಲೂ ಉರಿಯುತ್ತದೆ. ಅವರ ಸರಾಸರಿ 176, ಪಾಲು 193. ಮಿತವಾಗಿ ಬದುಕಿದವನಿಗೆ 114, ಮಧ್ಯಾಹ್ನ ಸೂರ್ಯನಿಗೆ ದೀಪ ಹಿಡಿದವರಿಗೆ 193. ಹಿಂದಿನ ಜನ್ಮದ ಕರ್ಮವನ್ನು ಈ ಜನ್ಮದಲ್ಲಿ ಉಣ್ಣಬೇಕೆಂದು ಕೇಳಿದ್ದೆ. ಹಿಂದಿನ ಜನ್ಮದ ಪುಣ್ಯವನ್ನೂ ದಂಡವಾಗಿ ಉಣ್ಣಬೇಕಾಗುತ್ತದೆ ಎಂದು ತಿಳಿದದ್ದು ಆಮೇಲೆ. ಹೀಗಾಗುತ್ತದೆ ಎಂದು ಮೊದಲೇ ಗೊತ್ತಿದ್ದರೆ ಆ ವರ್ಷ ಬಿಸಿಲು ಕಾಲದಲ್ಲೂ ಗೀಸರ್ ಹಾಕಿಕೊಂಡು ಫ್ಯಾನಿನ ಕೆಳಗೆ ಕೂರುತ್ತಿದ್ದೆ.

ದರದ ವಿಚಾರದಲ್ಲಿ ಹಿಂದೆ ಒಂದು ಶಿಸ್ತಿತ್ತು. ಮೆಟ್ಟಿಲು ಮೆಟ್ಟಿಲಾಗಿ ಏರುವ ದರ: ಮೊದಲ ಕೆಲವು ಯೂನಿಟ್ಟು ಅಗ್ಗ, ಆಮೇಲಿನವು ತುಸು ತುಟ್ಟಿ, ಅದಕ್ಕೂ ಮೇಲಿನವು ಇನ್ನೂ ತುಟ್ಟಿ. ಹತ್ತಿದ ಮೆಟ್ಟಿಲಿಗೆ ಆಯಾ ಬೆಲೆ ಕೊಟ್ಟರಾಯಿತು. 2023ರಲ್ಲಿ ಮೆಟ್ಟಿಲು ಎರಡಕ್ಕಿಳಿಯಿತು. ನೂರರವರೆಗೆ ಯೂನಿಟ್ಟಿಗೆ 4 ರೂಪಾಯಿ 75 ಪೈಸೆ, ನೂರು ದಾಟಿದರೆ ಎಲ್ಲಕ್ಕೂ 7 ರೂಪಾಯಿ. ಅಂದರೆ ನೂರಕ್ಕೆ 475, ನೂರ ಒಂದಕ್ಕೆ 707. 2024ರಲ್ಲಿ ಇದ್ದ ಎರಡು ಮೆಟ್ಟಿಲೂ ಹೋಗಿ ಎಲ್ಲಕ್ಕೂ 5 ರೂಪಾಯಿ 90 ಪೈಸೆ, 2025ರ ಏಪ್ರಿಲ್‌ನಿಂದ 5 ರೂಪಾಯಿ 80 ಪೈಸೆ. ಹತ್ತು ಪೈಸೆ ಇಳಿಯಿತೆಂದು ಹಿಗ್ಗುವಷ್ಟರಲ್ಲಿ ವಿದ್ಯುತ್ ನೌಕರರ ಪಿಂಚಣಿ, ಗ್ರಾಚ್ಯುಟಿಗೆಂದು ಯೂನಿಟ್ಟಿಗೆ 36 ಪೈಸೆ ಬೇರೆ ಸೇರಿತು. ನಾನೂ ಪಿಂಚಣಿಯವನೇ. ನನ್ನ ಪಿಂಚಣಿಯಿಂದ ಇನ್ನೊಬ್ಬರ ಪಿಂಚಣಿಗೆ ಪೈಸೆ ಹೋಗುವುದನ್ನು ವಿರೋಧಿಸಲು ನನಗೆ ಮುಖವಿಲ್ಲ. ಇದರ ಮೇಲೆ ಆ ವರ್ಷ ನೂರಕ್ಕೆ ಒಂಬತ್ತು ತೆರಿಗೆ, ಸ್ವಿಚ್ಚು ಮುಟ್ಟದಿದ್ದರೂ ಕಿಲೋವ್ಯಾಟಿಗೆ 145 ರೂಪಾಯಿಯ ನಿಗದಿತ ಶುಲ್ಕ. ನಮ್ಮದು ಮೂರು ಕಿಲೋವ್ಯಾಟಿನ ಮನೆ.

ಹೀಗೆ ಮೆಟ್ಟಿಲು ತೆಗೆದು ನೆಲ ಸಮ ಮಾಡಿದ್ದಾರೆ, ಸರಿ. ಆದರೆ ಇನ್ನೂರನೆಯ ಹೆಜ್ಜೆಯ ಮುಂದೆ ಒಂದು ಬಾವಿಯಿದೆ. ಅದಕ್ಕೆ ಕಟ್ಟೆಯಿಲ್ಲ.

ಬಾವಿಗೆ ಒಮ್ಮೆ ಬಿದ್ದ ಮೇಲೆ ನಾನು ಮನೆಯ ಇಂಧನ ಖಾತೆಯನ್ನು ನಾನೇ ವಹಿಸಿಕೊಂಡೆ. ಉಳಿದ ಖಾತೆಗಳೆಲ್ಲ ಹೆಂಡತಿಯ ಬಳಿ ಇರುವುದರಿಂದ ಅವಳು ಇದನ್ನು ಬಿಟ್ಟುಕೊಡಲು ಹಿಂದೆಗೆಯಲಿಲ್ಲ. ಕ್ಯಾಲೆಂಡರಿನ ಪ್ರತಿ ದಿನದ ಚೌಕದಲ್ಲೂ ಬೆಳಗ್ಗೆ ಆರಕ್ಕೆ ಓದಿದ ಮೀಟರಿನ ಅಂಕಿ ಬರೆಯತೊಡಗಿದೆ. ಅದರ ಕೆಳಗೆ ಹಾಲಿನ ಲೆಕ್ಕ, ಮೇಲೆ ಏಕಾದಶಿ. ಒಮ್ಮೆ ಹಾಲಿನವನಿಗೆ ಆರೂವರೆ ಯೂನಿಟ್ಟಿನ ದುಡ್ಡು ಕೊಟ್ಟದ್ದೂ ಉಂಟು. ದಿನಕ್ಕೆ ಆರು ಯೂನಿಟ್ಟು, ಮೂವತ್ತು ದಿನಕ್ಕೆ ನೂರ ಎಂಬತ್ತು, ಅಪಾಯವಿಲ್ಲ. ಆರೂಮುಕ್ಕಾಲಾದರೆ ಇನ್ನೂರ ಎರಡೂವರೆ, ಬಾವಿ. ಈ ಮುಕ್ಕಾಲನ್ನು ಹಿಡಿಯಲು ದೀಪದ ಹಿಂದೆ ಬಿದ್ದೆ. ಬಚ್ಚಲಿನಲ್ಲಿ ಯಾರಾದರೂ ಇದ್ದಾರೋ ಇಲ್ಲವೋ ಎಂದು ಕೇಳದೆ ಹೊರಗಿನ ಸ್ವಿಚ್ಚು ಆರಿಸುತ್ತಿದ್ದೆ. ಒಳಗಿನಿಂದ ಕೂಗು ಬಂದರೆ ಇದ್ದಾರೆ ಎಂದು ಅರ್ಥ.

ಮೂರನೆಯ ಸಲ ಕತ್ತಲಲ್ಲಿ ಸೋಪು ಹುಡುಕಿದ ಮೇಲೆ ಮಗ ಟವೆಲ್ಲಿನಲ್ಲೇ ಬಂದು ಪಾಠ ಶುರುಮಾಡಿದ. "ಅಪ್ಪಾ, ಆ ಬಲ್ಬು ಒಂಬತ್ತು ವ್ಯಾಟಿಂದು. ಒಂದು ಯೂನಿಟ್ ಅಂದ್ರೆ ಸಾವಿರ ವ್ಯಾಟು ಒಂದು ಗಂಟೆ. ಈ ಬಲ್ಬು ಒಂದು ಯೂನಿಟ್ ಕುಡಿಯೋಕೆ ನೂರ ಹನ್ನೊಂದು ಗಂಟೆ ಬೇಕು. ಅದೇ ಬಚ್ಚಲಲ್ಲಿ ತಲೆ ಮೇಲೆ ನೇತಾಡ್ತಿದೆಯಲ್ಲ ಗೀಸರು, ಎರಡು ಸಾವಿರ ವ್ಯಾಟು. ಅದಕ್ಕೆ ಅರ್ಧ ಗಂಟೆ ಸಾಕು. ನೀನು ಆನೆ ಬಿಟ್ಟು ಇರುವೆಗೆ ಕೋಲು ಹಿಡಿದಿದ್ದೀಯ."

ಮಗ ಹೇಳಿದ್ದನ್ನು ಕಾಗದದ ಮೇಲೆ ತಾಳೆ ನೋಡಿದೆ, ಸರಿಯಾಗಿತ್ತು. ನಾವೆಲ್ಲ ಅರವತ್ತು ವ್ಯಾಟಿನ ಬುರುಡೆ ಬಲ್ಬಿನ ಕೆಳಗೆ ಓದಿ ಬೆಳೆದವರು, ಕರೆಂಟು ಎಂದರೆ ನಮಗೆ ಬೆಳಕು. ಕರೆಂಟು ತಿನ್ನುವುದು ಬೆಳಕಲ್ಲ, ಬಿಸಿ. ನೀರು ಕಾಯಿಸುವುದು, ಬಟ್ಟೆ ಇಸ್ತ್ರಿ ಮಾಡುವುದು, ಇಂಡಕ್ಷನ್ ಒಲೆಯಲ್ಲಿ ಹಾಲು ಉಕ್ಕಿಸುವುದು. ಮಿಕ್ಸಿ ಮನೆ ಬೀಳುವ ಹಾಗೆ ಕಿರುಚುತ್ತದೆ, ಆದರೆ ಇಪ್ಪತ್ತು ನಿಮಿಷ ಅರೆದರೂ ಕಾಲು ಯೂನಿಟ್ಟನ್ನು ಮೀರುವುದಿಲ್ಲ. ಗೀಸರು ಸನ್ಯಾಸಿಯ ಹಾಗೆ ಮೌನವಾಗಿ ಕೂತು ಮನೆ ತೊಳೆಯುತ್ತದೆ. ನಲವತ್ತು ವರ್ಷ ಗುಮಾಸ್ತಗಿರಿ ಮಾಡಿದವನಿಗೆ ಸದ್ದು ಮಾಡುವವರಿಗೂ ತಿನ್ನುವವರಿಗೂ ಇರುವ ಈ ವ್ಯತ್ಯಾಸ ಮೊದಲೇ ಹೊಳೆಯಬೇಕಿತ್ತು.

ಆ ಹೊತ್ತಿಗೆ ಸರಿಯಾಗಿ ಅವ್ವ ಅಡಿಗೆಮನೆಯಿಂದ ಬಂದಳು. ಅವ್ವ ಮಳವಳ್ಳಿ ಕಡೆಯವಳು, ಶಿವನಸಮುದ್ರದ ಹತ್ತಿರದ ಹಳ್ಳಿ. "ಶಿವನಸಮುದ್ರದಿಂದ ಕರೆಂಟು 1902ರಲ್ಲೇ ಕೋಲಾರದ ಚಿನ್ನದ ಗಣಿಗೆ ಹೋಯಿತು, 1905ರಲ್ಲಿ ಬೆಂಗಳೂರಿನ ಬೀದಿಗೆ ದೀಪ ಬಂತು, ಗೊತ್ತಾ ಅವ್ವಾ?" ಎಂದು ನಾನೊಮ್ಮೆ ಹೆಮ್ಮೆಯಿಂದ ಹೇಳಿದ್ದಕ್ಕೆ, "ಅಯ್ಯೋ ಮಗಾ, ನಮ್ಮ ಹಿತ್ತಲಲ್ಲಿ ಹುಟ್ಟಿದ್ದು ನಮ್ಮೂರಿಗೆ ಬಂದದ್ದು ನನ್ನ ಮದುವೆ ಆದ್ಮೇಲೆ" ಎಂದಿದ್ದಳು. ಬಿಲ್ಲನ್ನು ಅವಳು ಇವತ್ತಿಗೂ ಕೆಇಬಿ ಬಿಲ್ಲು ಎನ್ನುತ್ತಾಳೆ. ಆ ಮಂಡಳಿ 1999ರಲ್ಲೇ ಹೋಯಿತು, ಜನರ ಬಾಯಲ್ಲಿ ಇನ್ನೂ ಜೀವಂತ. ಗೀಸರಿನ ಸಮಸ್ಯೆಗೆ ಅವಳ ಪರಿಹಾರ ಒಂದೇ: ಅಟ್ಟದ ಮೇಲಿರುವ ತಾಮ್ರದ ಹಂಡೆ ಇಳಿಸು, ಹಿತ್ತಲಿನ ತೆಂಗಿನ ಗರಿ ಉರಿಸು. ಒಂದು ದಿನ ಇಳಿಸಿದೆವು. ನೀರು ಕಾಯಿತು, ನಿಜ. ಹೊಗೆ ರಾಯರ ಮನೆಗೆ ಹೋಯಿತು, ರಾಯರು ನಮ್ಮ ಮನೆಗೆ ಬಂದರು. ಹಂಡೆ ಮತ್ತೆ ಅಟ್ಟ ಹತ್ತಿತು.

ಕೊನೆಗೆ ಗೀಸರಿನ ಪಡಿತರ ಜಾರಿಗೆ ಬಂತು. ಬೆಳಗ್ಗೆ ಒಂದೇ ಸಲ ಹಾಕುವುದು, ಎಲ್ಲರೂ ಒಬ್ಬರ ಹಿಂದೆ ಒಬ್ಬರು ಸ್ನಾನ ಮುಗಿಸುವುದು. ಕೊನೆಯವನು ನಾನು. ಸಚಿವನೆಂದ ಮೇಲೆ ತ್ಯಾಗ ಇರಲೇಬೇಕು, ತಣ್ಣೀರೇ ಸಿಗುತ್ತಿತ್ತು. ಆದರೂ ತಿಂಗಳ ಇಪ್ಪತ್ತೆಂಟನೆಯ ದಿನಕ್ಕೆ ಲೆಕ್ಕ 184ರಲ್ಲಿತ್ತು. ಇನ್ನು ಎರಡು ದಿನ, ಹದಿನಾರು ಯೂನಿಟ್ಟು ಬಾಕಿ. ಗೆದ್ದೆ ಎಂದುಕೊಂಡೆ.

ಅಂದು ಸಂಜೆ ಭಾಮೈದ ಸಂಸಾರ ಸಮೇತ ಬಂದ. ಒಟ್ಟು ಐದು ಜನ. "ಏನ್ ಭಾವಾ, ಸೊರಗಿಬಿಟ್ಟಿದ್ದೀರಿ?" ಎಂದ. ನನ್ನ ಕಣ್ಣು ಅವನ ಮಗಳ ಕೈಲಿದ್ದ ಕೂದಲು ನೆಟ್ಟಗೆ ಮಾಡುವ ಯಂತ್ರದ ಮೇಲಿತ್ತು. ಮರುದಿನ ಬೆಳಗ್ಗೆ ಗೀಸರು ಆರರಿಂದ ಹತ್ತರವರೆಗೆ ಉಸಿರು ಬಿಡಲಿಲ್ಲ. ಕ್ಯಾಲೆಂಡರಿನ ಮುಂದೆ ನಿಂತು 193 ಎಂದು ಬರೆಯುವಾಗ ನನ್ನ ಕೈ ನಡುಗಿತು. "ರೀ, ನೆಂಟರ ಎದುರಿಗೆ ಆ ಕ್ಯಾಲೆಂಡರ್ ಹತ್ತಿರ ಹೋಗಬೇಡಿ, ಎಷ್ಟು ದಿನ ಇರ್ತೀರಿ ಅಂತ ಎಣಿಸ್ತಿದ್ದೀರಿ ಅಂದ್ಕೋತಾರೆ" ಎಂದಳು ಹೆಂಡತಿ. ಅವರು ತಪ್ಪು ತಿಳಿಯುವ ಸಂಭವವೇ ಇರಲಿಲ್ಲ.

ಆ ತಿಂಗಳು 206ಕ್ಕೆ ನಿಂತಿತು.

ನೆಂಟರು ಹೊರಟ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಹನ್ನೊಂದೂವರೆಗೆ ಎದ್ದು ಟಾರ್ಚು ಹಿಡಿದು ಮೀಟರಿನ ಹತ್ತಿರ ಹೋದೆ. ಒಂದು ಹಲ್ಲಿ ಮೀಟರಿನ ಹಿಂದಕ್ಕೆ ಸರಿಯಿತು. ಹಳೆಯ ಮೀಟರಿನಲ್ಲಿ ಅಲ್ಯೂಮಿನಿಯಂ ತಟ್ಟೆ ತಿರುಗುತ್ತಿತ್ತು, ಅದು ನಿಧಾನವಾದರೆ ನಮ್ಮ ಎದೆಯೂ ನಿಧಾನವಾಗುತ್ತಿತ್ತು. ಈಗಿನದರಲ್ಲಿ ಸಾಸಿವೆಯಷ್ಟು ಕೆಂಪು ದೀಪ. ಅದು 3200 ಸಲ ಮಿಣುಕಿದರೆ ಒಂದು ಯೂನಿಟ್ಟು ಎಂದು ನಮ್ಮ ಮೀಟರಿನ ಮುಖದ ಮೇಲೇ ಬರೆದಿದೆ. ಒಳಗೆ ಬಂದು ಒಂದೊಂದೇ ಸ್ವಿಚ್ಚು ಆರಿಸಿದೆ: ಫ್ಯಾನು, ಟಿವಿಯ ಪೆಟ್ಟಿಗೆ, ಮಗನ ಇಂಟರ್‌ನೆಟ್ಟಿನ ಡಬ್ಬಿ, ನೀರು ಸೋಸುವ ಯಂತ್ರ, ಕಡೆಗೆ ಎದೆ ಗಟ್ಟಿ ಮಾಡಿಕೊಂಡು ಫ್ರಿಜ್ಜು. ಇಡೀ ಮನೆ ಸ್ತಬ್ಧ. ಹೊರಗೆ ಹೋಗಿ ನೋಡುತ್ತೇನೆ, ಮಿಣುಕು ನಿಂತಿಲ್ಲ. ಗಡಿಯಾರ ಹಿಡಿದು ಎಣಿಸಿದೆ. ನಿಮಿಷಕ್ಕೆ ನಾಲ್ಕು. ಮತ್ತೆ ಎಣಿಸಿದೆ, ನಾಲ್ಕೇ.

ನಿಮಿಷಕ್ಕೆ ನಾಲ್ಕೆಂದರೆ ಗಂಟೆಗೆ 240, ಅಂದರೆ 75 ವ್ಯಾಟು. ದಿನಕ್ಕೆ ಒಂದೂಮುಕ್ಕಾಲು ಯೂನಿಟ್ಟಿನ ಮೇಲೆ, ತಿಂಗಳಿಗೆ 54. ಎಲ್ಲರೂ ಮಲಗಿದ ಮೇಲೆ ಮನೆಯಲ್ಲಿ ಯಾರೋ 75 ವ್ಯಾಟು ಉಣ್ಣುತ್ತಿದ್ದಾರೆ! ಅವ್ವ ಎದ್ದು ಬಂದಳು. "ಏನಾಯ್ತಲಾ, ಯಾರಿಗೆ ಹುಷಾರಿಲ್ಲ?" ಎಂದಳು. "ಕಳ್ಳ ಹೊಕ್ಕಿದ್ದಾನೆ ಅವ್ವಾ" ಎಂದೆ. ಅವಳು ಒನಕೆ ಹುಡುಕಿದಳು. ನಾನು ಕತ್ತಲಲ್ಲಿ ಕಿವಿಗೊಟ್ಟು ನಿಂತೆ. ಮೆಟ್ಟಿಲ ಕೆಳಗಿನಿಂದ ಜೇನುಗೂಡಿನಂಥ ಸಣ್ಣ ಗುಂಯ್ ಕೇಳಿಸಿತು. ಯುಪಿಎಸ್ಸು!

ಕರೆಂಟು ಹೋದಾಗ ಆಪತ್ತಿಗೆ ಆಗಲಿ ಎಂದು ಸಾಕಿದ ಯುಪಿಎಸ್ಸು. ಅದರ ಬ್ಯಾಟರಿಗೆ ಆರು ವರ್ಷ ದಾಟಿತ್ತು. ಮುದಿ ಬ್ಯಾಟರಿ ಎಷ್ಟು ಉಂಡರೂ ಹೊಟ್ಟೆ ತುಂಬಿತು ಎನ್ನುವುದಿಲ್ಲವಂತೆ. ಹಗಲೂ ರಾತ್ರಿ ಚಾರ್ಜ್ ಆಗುತ್ತಲೇ ಇರುತ್ತದೆ, ಉಂಡದ್ದೆಲ್ಲ ಬಿಸಿಯಾಗಿ ಹೋಗುತ್ತದೆ. ಮುಟ್ಟಿ ನೋಡಿದೆ, ಜ್ವರ ಬಂದ ಮಗುವಿನ ಹಣೆಯ ಹಾಗಿತ್ತು. ಕರೆಂಟು ಹೋದರೆ ಅದು ಕೊಡುತ್ತಿದ್ದದ್ದು ಹದಿನೈದು ನಿಮಿಷದ ಬೆಳಕು. ಆ ಹದಿನೈದು ನಿಮಿಷಕ್ಕಾಗಿ ತಿಂಗಳಿಗೆ 54 ಯೂನಿಟ್ಟು. ನಾನು ಒಂಬತ್ತು ವ್ಯಾಟಿನ ಬಲ್ಬಿನ ಜೊತೆ ಜಗಳವಾಡುತ್ತಿದ್ದೆ, ಮಗನನ್ನು ಕತ್ತಲಲ್ಲಿ ಮೀಯಿಸುತ್ತಿದ್ದೆ, ಭಾಮೈದನ ಮಗಳ ಜಡೆಯನ್ನು ಶಪಿಸುತ್ತಿದ್ದೆ. ಪ್ಲಗ್ಗು ಕಿತ್ತು ಮೀಟರಿನ ಹತ್ತಿರ ಓಡಿದೆ. ಪೂರ್ತಿ ಐದು ನಿಮಿಷ ನಿಂತೆ. ಒಂದು ಮಿಣುಕೂ ಇಲ್ಲ. ಅಷ್ಟು ಸುಂದರವಾದ ಕತ್ತಲನ್ನು ನಾನು ಜನ್ಮದಲ್ಲಿ ನೋಡಿರಲಿಲ್ಲ. ಬೆಳಗ್ಗೆ ಹೆಂಡತಿ, "ಹಾಲು ಒಡೆದಿದೆ, ರಾತ್ರಿ ಫ್ರಿಜ್ ಆರಿಸಿದವರು ಮತ್ತೆ ಹಾಕಲಿಲ್ಲವಾ?" ಎಂದು ಕೇಳುವವರೆಗೂ ಆ ಸಂತೋಷ ಉಳಿದಿತ್ತು.

ಮುಂದಿನ ತಿಂಗಳ ಬಿಲ್ಲು 149 ಯೂನಿಟ್ಟಿಗೆ ಬಂತು. ನಮ್ಮ ಪಾಲು ಕಳೆದು 35ಕ್ಕೆ ದುಡ್ಡು ಕಟ್ಟಿದೆ. ಹೊಸ ಬ್ಯಾಟರಿಗೆ ಅಂಗಡಿಯವನು ಹದಿನೈದು ಸಾವಿರ ಎಂದ, ನೋಡೋಣ ಎಂದು ಬಂದಿದ್ದೇನೆ. ಕರೆಂಟು ಹೋದರೆ ಅವ್ವ ಎಣ್ಣೆ ದೀಪ ಹಚ್ಚುತ್ತಾಳೆ, ರಾಯರು ತಮ್ಮ ವರಾಂಡದಿಂದ, "ನಿಮ್ಮಲ್ಲೂ ಹೋಯ್ತಾ?" ಎಂದು ಕೂಗುತ್ತಾರೆ.

ನೀವೂ ಒಂದು ರಾತ್ರಿ ಎಲ್ಲ ಸ್ವಿಚ್ಚು ಆರಿಸಿ ಆ ಕೆಂಪು ದೀಪದ ಎದುರು ಐದು ನಿಮಿಷ ನಿಂತು ನೋಡಿ. ನಿಂತು ಬಂದ ಮೇಲೆ ಫ್ರಿಜ್ಜನ್ನು ಮಾತ್ರ ಮರೆಯದೆ ಹಾಕಿ.