ಸಹಿ ಇಲ್ಲದ ಸದ್ದು

(ಬೆಂಗಳೂರಿನ ಎಸ್.ಪಿ. ರೋಡ್. ಕಂಪ್ಯೂಟರ್ ರಿಪೇರಿ ಅಂಗಡಿ. ತಾಲ್ಲೂಕು ಕಚೇರಿಯ ನಿವೃತ್ತ ಶಿರಸ್ತೇದಾರ ರಾಯರು ಕವರಿನಿಂದ ಒಂದು ಸೌಂಡ್ ಕಾರ್ಡ್ ತೆಗೆಯುತ್ತಾರೆ.)

ರಾಯರು: ಮಂಜಾ, ಇದನ್ನ ಈ ಕಂಪ್ಯೂಟರಿಗೆ ಕೂರಿಸಿ ಕೊಡಪ್ಪ.

ಮಂಜ: ಅಯ್ಯೋ ಸಾರ್, ಸೌಂಡ್ ಬ್ಲಾಸ್ಟರ್ ಲೈವ್! 1998ರಲ್ಲಿ ಬಂದ ಮಾಲು. ಈಗ ಬೋರ್ಡಲ್ಲೇ ಸೌಂಡ್ ಇರುತ್ತಲ್ಲ?

ರಾಯರು: ಅದು ಬಿಟ್ಟಿ ಬಂದಿದ್ದು. ಇದಕ್ಕೆ ನಾನು ಜಿ.ಪಿ.ಎಫ್. ಸಾಲ ತೆಗೆದಿದ್ದೆ.

ಮಂಜ: (ಕಾರ್ಡಿನ ಹಲ್ಲುಗಳನ್ನು ಪೆನ್ಸಿಲ್ ರಬ್ಬರಿನಿಂದ ಉಜ್ಜುತ್ತ) ನಿಮ್ಮ ಪುಣ್ಯ, ಇದರಲ್ಲಿ ಒಂದು ಪಿಸಿಐ ಸ್ಲಾಟ್ ಉಳಿದಿದೆ. ಬರೀ ಪಿಸಿಐ ಎಕ್ಸ್‌ಪ್ರೆಸ್ ಇದ್ದಿದ್ರೆ ಕೂರ್ತಾನೇ ಇರ್ಲಿಲ್ಲ.

ರಾಯರು: ಕೂತ್ಕೊಳ್ತಲ್ಲ, ಹಾಡ್ಸು ಮತ್ತೆ. ಇಗೋ ಡ್ರೈವರ್ ಸಿಡಿ.

ಮಂಜ: ಇದು ವಿಂಡೋಸ್ 98ರ ಕಾಲದ್ದು ಸಾರ್. ನಿಮ್ಮದು 64 ಬಿಟ್ ವಿಂಡೋಸ್, 32 ಬಿಟ್ ಡ್ರೈವರನ್ನ ಮುಟ್ಟೋದೇ ಇಲ್ಲ. 64ರದ್ದು ಹುಡುಕಿ ತಂದ್ರೂ ಡಿಜಿಟಲ್ ಸಹಿ ಇಲ್ದೆ ಒಳಗೆ ಬಿಡಲ್ಲ.

ರಾಯರು: ಸಹಿ ತಾನೆ? ಗೆಜೆಟೆಡ್ ಆಫೀಸರ್ ಹತ್ರ ಅಟೆಸ್ಟ್ ಮಾಡಿಸ್ತೀನಿ.

ಮಂಜ: ಆ ಸಹಿ ಅಲ್ಲ ಸಾರ್! ಲಿನಕ್ಸ್ ಹಾಕ್ಲಾ? ಇದರ ಚಿಪ್ಪು ಇಎಂಯು10ಕೆ1. ಡ್ರೈವರ್ ಕರ್ನೆಲ್ ಜೊತೆಗೇ ಬರುತ್ತೆ. ನೀವು ಸಿಡಿನೂ ತರಬೇಡಿ, ಸಹಿನೂ ತರಬೇಡಿ.

ರಾಯರು: ಸಹಿ ಕೇಳಲ್ವಾ? ಅದೆಂಥ ಕಚೇರಿನಯ್ಯ! ಹೂಂ, ಹಾಕು.

(ಲಿನಕ್ಸ್ ಕೂತಿತು. ಪರದೆಯ ಮೇಲೆ ಕಾರ್ಡಿನ ಹೆಸರೂ ಬಂತು. ಹಾಡು ಓಡುತ್ತಿದೆ, ಸ್ಪೀಕರ್ ಮಾತ್ರ ಗಪ್‌ಚಿಪ್.)

ರಾಯರು: ಹಾಜರಿ ಪುಸ್ತಕದಲ್ಲಿ ಹೆಸರಿದೆ, ಸೀಟಲ್ಲಿ ಆಳಿಲ್ಲ. ಥೇಟ್ ನಮ್ಮ ಆಫೀಸು!

ಮಂಜ: ತಾಳಿ ಸಾರ್, ಸದ್ದಿನ ಗುಂಡಿಗಳನ್ನೆಲ್ಲ ತೋರಿಸೋ ಅಲ್ಸಾಮಿಕ್ಸರ್ ತೆಗೀತೀನಿ. ವಾಲ್ಯೂಮೆಲ್ಲ ಏರಿದೆ... ಹಾಂ, ಸಿಕ್ತು! 'ಅನಲಾಗ್/ಡಿಜಿಟಲ್ ಔಟ್‌ಪುಟ್ ಜ್ಯಾಕ್' ಆನ್ ಆಗಿದೆ. 'ಎಮ್' ಒತ್ತಿ ಮ್ಯೂಟ್ ಮಾಡ್ತೀನಿ.

ರಾಯರು: ಮೊದಲೇ ಸದ್ದಿಲ್ಲ, ಮ್ಯೂಟ್ ಬೇರೆ ಮಾಡ್ತೀಯಾ?

ಮಂಜ: ಅದು ಆನ್ ಇದ್ರೆ ಜ್ಯಾಕಿಗೆ ಡಿಜಿಟಲ್ ಸಿಗ್ನಲ್ ಹೋಗುತ್ತೆ. ನಿಮ್ಮ ಸ್ಪೀಕರಿಗೆ ಅದು ತಲೆಗೆ ಹತ್ತಲ್ಲ. ಮ್ಯೂಟ್ ಮಾಡಿದ್ರೇನೇ ಅನಲಾಗ್.

(ಒತ್ತಿದ್ದೇ ತಡ, ನಾಗಸ್ವರ ಅಂಗಡಿಯನ್ನೇ ನಡುಗಿಸಿತು.)

ಮಂಜ: ಸಮಾಧಾನ ಆಯ್ತಾ ಸಾರ್?

ರಾಯರು: ಸದ್ದೇನೋ ಬಂತು. ಆದ್ರೆ ಇಷ್ಟು ದೊಡ್ಡ ಕೆಲಸ ಒಂದು ಸಹಿನೂ ಇಲ್ದೆ ಆಗೋಯ್ತಲ್ಲ, ನಂಗೆ ಎದೆ ಡವಡವ ಅಂತಿದೆ. ಬಿಲ್ಲಿನ ಮೇಲಾದ್ರೂ ಸಹಿ ಹಾಕಿ ಸೀಲ್ ಒತ್ತಪ್ಪ. ಮೂರು ಪ್ರತಿ!